ಹೋದ ಗಾಡಿ ಮರಳಿ ಬರಬೇಕು: ಭಾರ ಹೊರುವ ರಾಕೆಟ್ಟುಗಳ ಲೆಕ್ಕ



ಹಿಂದಿನ ಸಂಚಿಕೆಯಲ್ಲಿ ಇದೇ ಗೋಡೆಯ ಮೇಲೆ ನಾನು ‘ನಮ್ಮ ಬಾಹುಬಲಿ ರಾಕೆಟ್’ ಎಂಬ ಲೇಖನ ಬರೆದಿದ್ದೆ. ಅದರ ಕೊನೆಯ ಸಾಲು ಹೀಗಿತ್ತು: “ನಮ್ಮ ರಾಕೆಟ್ ಎಷ್ಟು ಭಾರದ ಉಪಗ್ರಹವನ್ನಾದರೂ ಹೊತ್ತುಕೊಂಡು ಹೋಗುತ್ತದೆ.” ಎರಡು ದಿನ ಬಿಟ್ಟು ಬಂದು ನೋಡಿದರೆ ಆ ಸಾಲಿನ ಕೆಳಗೆ ಯಾರೋ ಪೆನ್ಸಿಲ್ಲಿನಿಂದ ದುಂಡಗೆ ಬರೆದಿದ್ದರು: “ಹಂಗಾದ್ರ 2024ರಾಗ ನಮ್ಮ ಉಪಗ್ರಹ ಅಮೆರಿಕದ ರಾಕೆಟ್ಟಿನಾಗ ಯಾಕ ಹೋತು? ಇಂತಿ, ಆರನೇ ತರಗತಿ.”

ನನಗೆ ಮೊದಲು ಸಿಟ್ಟು ಬಂತು. ರಬ್ಬರ್ ತಗೊಂಡು ಅಳಿಸಲಿಕ್ಕೆ ಹೋದೆ. ನಮ್ಮ ವಿಜ್ಞಾನದ ಸರ್ ನೋಡಿ, “ಅಳಿಸಬ್ಯಾಡ, ಉತ್ತರ ಬರಿ” ಅಂದರು. ಹುಡುಕಿ ನೋಡಿದಾಗ ತಿಳಿಯಿತು, ಪೆನ್ಸಿಲ್ಲಿನಿಂದ ಬರೆದದ್ದೇ ಸರಿ, ಪೆನ್ನಿನಿಂದ ಬರೆದ ನನ್ನ ಸಾಲು ತಪ್ಪು. ಆದ್ದರಿಂದ ಈ ಸಲ ರಾಕೆಟ್ಟು ಎಷ್ಟು ಭಾರ ಹೊರುತ್ತದೆ, ಯಾಕೆ ಅಷ್ಟೇ ಹೊರುತ್ತದೆ, ಹೋದ ರಾಕೆಟ್ಟು ಮರಳಿ ಬಂದರೆ ಏನು ಲಾಭ ಎಂಬುದನ್ನು ಮೊದಲಿನಿಂದ ತಿಳಿಯೋಣ ಬನ್ನಿ.

1. ಹೊರೆ ಎಂದರೇನು?

ರಾಕೆಟ್ಟು ಒಂದು ಗಾಡಿ ಇದ್ದಂತೆ. ಅದು ಮೇಲಕ್ಕೆ ಒಯ್ಯುವ ಉಪಗ್ರಹವೇ ಅದರ ಹೊರೆ. ನಮ್ಮ ಭಾಗದಲ್ಲಿ ಹೊರೆ ಅಂದರೆ ಏನು ಅಂತ ಯಾರಿಗೂ ಹೇಳಿಕೊಡಬೇಕಾಗಿಲ್ಲ. ಇಳಕಲ್ಲಿನಿಂದ ಕೆಂಪು ಗ್ರಾನೈಟ್ ಕಲ್ಲು ಹೇರಿಕೊಂಡು ಹೋಗುವ ಲಾರಿಗಳನ್ನು ದಿನಾ ನೋಡುತ್ತೇವೆ. ಲಾರಿಯಲ್ಲಿ ಬಹಳ ತೂಕ ಕಲ್ಲಿನದು, ಡೀಸೆಲ್ಲಿನ ತೂಕ ಸ್ವಲ್ಪ. ರಾಕೆಟ್ಟಿನಲ್ಲಿ ಇದು ಪೂರಾ ಉಲ್ಟಾ.

ನಮ್ಮ ದೇಶದ ಅತಿ ಶಕ್ತಿಶಾಲಿ ರಾಕೆಟ್ಟಿನ ಹೆಸರು ಎಲ್‌ವಿಎಂ-3. ಇದನ್ನೇ ಜನ ಬಾಹುಬಲಿ ಅನ್ನುತ್ತಾರೆ. ಎತ್ತರ 43.5 ಮೀಟರ್. ವಿಜಯಪುರದ ಗೋಳಗುಮ್ಮಟ ಸುಮಾರು 51 ಮೀಟರ್ ಇದೆ, ಅದಕ್ಕಿಂತ ಸ್ವಲ್ಪ ಗಿಡ್ಡ. ಹಾರುವ ಮುಂಚೆ ತೂಕ 640 ಟನ್. ಒಂದು ಟನ್ ಅಂದರೆ 1,000 ಕಿಲೋ.

ಈ 640 ಟನ್ನನ್ನು 640 ರೂಪಾಯಿ ಅಂತ ತಿಳಿಯಿರಿ. ಅದರಲ್ಲಿ ಸುಮಾರು 550 ರೂಪಾಯಿ ಇಂಧನಕ್ಕೇ ಹೋಯಿತು. ಉಳಿದದ್ದು 90. ಅದರೊಳಗೆ ಟಾಕಿ, ಎಂಜಿನ್, ಹೊರಗಿನ ಕವಚ ಎಲ್ಲಾ ಬರಬೇಕು. ಕೊನೆಗೆ ಟಿ.ವಿ., ಫೋನ್ ಉಪಗ್ರಹಗಳನ್ನು ದೂರದ ಕಕ್ಷೆಯ ದಾರಿಗೆ ಬಿಡುವಾಗ ಹೊರೆಗೆ ಉಳಿಯುವುದು ಬರೀ 4 ರೂಪಾಯಿ! ಅಂದರೆ 1 ಕಿಲೋ ಉಪಗ್ರಹಕ್ಕೆ 160 ಕಿಲೋ ರಾಕೆಟ್ಟು ಬೇಕು. ನನ್ನ ತೂಕ 36 ಕಿಲೋ. ನನ್ನಷ್ಟು ತೂಕದ ಉಪಗ್ರಹ ಒಯ್ಯಲು 36 × 160 = 5,760 ಕಿಲೋ ರಾಕೆಟ್ಟು ಆಯಿತು.

ಇಷ್ಟು ಇಂಧನ ಯಾಕೆ? ಲಾರಿ ಎಂಜಿನ್ನಿಗೆ ಗಾಳಿ ಹೊರಗಿನಿಂದ ಸಿಗುತ್ತದೆ, ಡೀಸೆಲ್ ಮುಗಿದರೆ ಹುನಗುಂದದ ಬಂಕಿನಲ್ಲಿ ಹಾಕಿಸಬಹುದು. ರಾಕೆಟ್ಟಿಗೆ ಮೇಲೆ ಗಾಳಿ ಇಲ್ಲ. ಉರಿಯಲು ಬೇಕಾದ ಆಮ್ಲಜನಕವನ್ನೂ ತಾನೇ ಹೊತ್ತುಕೊಂಡು ಹೋಗಬೇಕು. ಇಂಧನಕ್ಕೂ ತೂಕ ಇದೆಯಲ್ಲ, ಆ ತೂಕವನ್ನು ಎತ್ತಲು ಮತ್ತೆ ಇಂಧನ ಬೇಕು. ಅದನ್ನು ಎತ್ತಲು ಮತ್ತಷ್ಟು. ಅದಕ್ಕೇ ರಾಕೆಟ್ಟುಗಳನ್ನು ಎರಡು ಮೂರು ಹಂತಗಳಾಗಿ ಮಾಡುತ್ತಾರೆ. ಒಂದು ಹಂತದ ಇಂಧನ ಮುಗಿದ ಕೂಡಲೇ ಆ ಖಾಲಿ ಟಾಕಿಯನ್ನು ಕಳಚಿ ಕೆಳಗೆ ಬಿಡುತ್ತಾರೆ. ಅದು ಸಮುದ್ರಕ್ಕೆ ಬೀಳುತ್ತದೆ. ನಮ್ಮ ರಾಕೆಟ್ಟುಗಳನ್ನು ಆಂಧ್ರದ ಸಮುದ್ರ ದಂಡೆಯ ಶ್ರೀಹರಿಕೋಟಾದಿಂದ ಹಾರಿಸಲು ಇದೂ ಒಂದು ಕಾರಣ.

2. ಎತ್ತರ ಹೆಚ್ಚಾದರೆ ಹೊರೆ ಕಡಿಮೆ

ಹೋದ ವರ್ಷ ನಾವೆಲ್ಲ ಬಾದಾಮಿಗೆ ಪ್ರವಾಸ ಹೋಗಿದ್ದೆವು, ನೆನಪಿದೆಯೇ? ನಾಲ್ಕು ಗುಹೆ. ನಾನು ಮತ್ತು ನನ್ನ ಗೆಳೆಯ ನೀರಿನ ಕ್ಯಾನು ಹೊತ್ತಿದ್ದೆವು. ಮೊದಲನೇ ಗುಹೆ ತನಕ ಏನೂ ಅನ್ನಿಸಲಿಲ್ಲ. ಮೂರನೇ ಗುಹೆ ಹತ್ತುವಾಗ ಅರ್ಧ ನೀರು ಎಲ್ಲರಿಗೂ ಕುಡಿಸಿ ಹಗುರ ಮಾಡಿದೆವು. ನಾಲ್ಕನೆಯದಕ್ಕೆ ಕ್ಯಾನು ಕೆಳಗೇ ಇಟ್ಟು ಹೋದೆವು. ಹೊರುವವರು ಅವರೇ, ಶಕ್ತಿ ಅಷ್ಟೇ, ಆದರೆ ಮೇಲೆ ಹೋದಂತೆ ಒಯ್ಯುವ ಭಾರ ಕಡಿಮೆಯಾಯಿತು.

ರಾಕೆಟ್ಟಿನದೂ ಹಾಗೇ. “ಈ ರಾಕೆಟ್ಟು ಎಷ್ಟು ಭಾರ ಒಯ್ಯುತ್ತದೆ?” ಅಂತ ಕೇಳಿದರೆ “ಎಲ್ಲಿಗೆ?” ಅಂತ ತಿರುಗಿ ಕೇಳಬೇಕು. ನಾನು ಹಿಂದಿನ ಸಲ ಇದನ್ನೇ ಕೇಳಿರಲಿಲ್ಲ.

ಎಲ್‌ವಿಎಂ-3 ಭೂಮಿಗೆ ಹತ್ತಿರದ ಕಕ್ಷೆಗಾದರೆ ಸುಮಾರು 8 ಟನ್ ಒಯ್ಯುತ್ತದೆ. ಕಕ್ಷೆ ಎಂದರೆ ಉಪಗ್ರಹ ಸುತ್ತುವ ದಾರಿ. 2023ರ ಮಾರ್ಚ್ 26ರಂದು 36 ಉಪಗ್ರಹಗಳನ್ನು ಒಂದೇ ಸಲ ಒಯ್ದಾಗ ಒಟ್ಟು ಹೊರೆ 5,805 ಕಿಲೋ. 2025ರ ಡಿಸೆಂಬರ್ 24ರಂದು ಸುಮಾರು 6,100 ಕಿಲೋ ತೂಕದ ಒಂದೇ ಉಪಗ್ರಹವನ್ನು ಒಯ್ಯಿತು.

ಟಿ.ವಿ. ಉಪಗ್ರಹಗಳು ಇರುವುದು ಸುಮಾರು 36,000 ಕಿ.ಮೀ. ಎತ್ತರದಲ್ಲಿ. ಅಲ್ಲಿಗೆ ಹೋಗುವ ದಾರಿಯ ಕಕ್ಷೆಗೆ ಬಿಡಬೇಕಾದರೆ ಇದೇ ರಾಕೆಟ್ಟು ಸುಮಾರು 4 ಟನ್ ಮಾತ್ರ ಒಯ್ಯುತ್ತದೆ. 2023ರ ಜುಲೈ 14ರಂದು ಚಂದ್ರಯಾನ-3 ಇದರಲ್ಲೇ ಹೋಯಿತು. ಅದರ ತೂಕ ಸುಮಾರು 3,900 ಕಿಲೋ. 2025ರ ನವೆಂಬರ್ 2ರಂದು 4,410 ಕಿಲೋದ ಸಿಎಂಎಸ್-03 ಎಂಬ ಉಪಗ್ರಹವನ್ನೂ ಒಯ್ದಿತು. ಆದರೆ ಆಗ ಅದನ್ನು ಎಂದಿಗಿಂತ ಸ್ವಲ್ಪ ಕಡಿಮೆ ಎತ್ತರದ ಕಕ್ಷೆಗೆ ಬಿಟ್ಟರು. ಮುಂದಿನ ದಾರಿಯನ್ನು ಉಪಗ್ರಹ ತನ್ನ ಸ್ವಂತ ಎಂಜಿನ್ನಿನಿಂದ ಹೋಗಬೇಕಾಯಿತು.

3. ಆರನೇ ತರಗತಿಯ ಪ್ರಶ್ನೆಗೆ ಉತ್ತರ

ಈಗ ಪೆನ್ಸಿಲ್ ಪ್ರಶ್ನೆಗೆ ಬರೋಣ. 2024ರ ನವೆಂಬರ್ 19ರ ನಡುರಾತ್ರಿ, ನಮ್ಮ ಗಡಿಯಾರದ ಪ್ರಕಾರ, ಜಿಸ್ಯಾಟ್-ಎನ್2 ಎಂಬ ಉಪಗ್ರಹ ಅಮೆರಿಕದ ಫ್ಲೋರಿಡಾದಿಂದ ಹಾರಿತು. ದೂರದ ಊರುಗಳಿಗೂ ಇಂಟರ್‌ನೆಟ್ ಮುಟ್ಟಿಸುವ ಉಪಗ್ರಹ ಅದು. ಮಾಡಿದವರು ನಮ್ಮವರೇ, ಇಸ್ರೋದವರು. ಅದರ ತೂಕ 4,700 ಕಿಲೋ. ನಮ್ಮ ರಾಕೆಟ್ಟು ಆ ದಾರಿಗೆ ಒಯ್ಯುವುದು ಸುಮಾರು 4,000 ಕಿಲೋ. ಸುಮಾರು 700 ಕಿಲೋ ಹೆಚ್ಚಾಯಿತು, ಅಂದರೆ ಏಳು ಕ್ವಿಂಟಲ್, ಒಂದು ಚಕ್ಕಡಿ ಜೋಳದಷ್ಟು. ಆದ್ದರಿಂದ ಫಾಲ್ಕನ್-9 ಎಂಬ ಅಮೆರಿಕದ ಕಂಪನಿಯ ರಾಕೆಟ್ಟಿಗೆ ಬಾಡಿಗೆ ಕೊಟ್ಟು ಕಳಿಸಬೇಕಾಯಿತು. ಅದಕ್ಕೂ ಮೊದಲು, 2018ರ ಡಿಸೆಂಬರಿನಲ್ಲಿ, 5,854 ಕಿಲೋದ ಜಿಸ್ಯಾಟ್-11 ಯುರೋಪಿನ ಏರಿಯಾನ್-5 ರಾಕೆಟ್ಟಿನಲ್ಲಿ ಹೋಗಿತ್ತು.

ಇದರಲ್ಲಿ ನಾಚಿಕೆ ಪಡುವಂಥದ್ದು ಏನೂ ಇಲ್ಲ ಅಂತ ಸರ್ ಹೇಳಿದರು. ನಮ್ಮ ಮನೆಯ ಚಕ್ಕಡಿಯಲ್ಲಿ ಹೋಗದ ಮಾಲನ್ನು ಬಾಡಿಗೆ ಲಾರಿಗೆ ಹಾಕುವುದಿಲ್ಲವೇ? ಆದರೆ “ಎಷ್ಟು ಭಾರವಾದರೂ ಒಯ್ಯುತ್ತದೆ” ಅಂತ ಬರೆದದ್ದು ತಪ್ಪು. ಆ ಸಾಲನ್ನು ನಾನು ಈ ಮೂಲಕ ವಾಪಸ್ ತಗೊಂಡಿದ್ದೇನೆ.

ನಿಮಗೆ ಗೊತ್ತೇ?
ಚಕ್ಕಡಿಯಲ್ಲಿ ಕುಳಿತ ಉಪಗ್ರಹವೂ ಇದೆ! 1981ರಲ್ಲಿ ಇಸ್ರೋದ ಆ್ಯಪಲ್ ಎಂಬ ಉಪಗ್ರಹವನ್ನು ಆಂಟೆನಾ ಪರೀಕ್ಷೆಗೆ ಎತ್ತಿನ ಗಾಡಿಯಲ್ಲಿ ಇಟ್ಟಿದ್ದರು. ಕಬ್ಬಿಣದ ವಾಹನವಾದರೆ ಪರೀಕ್ಷೆಗೆ ಅಡ್ಡಿ ಆಗುತ್ತದೆ, ಕಟ್ಟಿಗೆಯ ಗಾಡಿಯಾದರೆ ಆಗುವುದಿಲ್ಲ ಎಂಬುದೇ ಕಾರಣ. ಅದರ ತೂಕ ಸುಮಾರು 670 ಕಿಲೋ. ಆಗ ನಮ್ಮ ಸ್ವಂತ ರಾಕೆಟ್ಟು ಎಸ್‌ಎಲ್‌ವಿ-3 ಒಯ್ಯುತ್ತಿದ್ದುದು ಬರೀ 40 ಕಿಲೋ. ಆದ್ದರಿಂದ ಆ್ಯಪಲ್ ಕೂಡ ಯುರೋಪಿನ ರಾಕೆಟ್ಟಿನಲ್ಲೇ ಹೋಯಿತು. 40 ಕಿಲೋದಿಂದ 4,000 ಕಿಲೋಗೆ ಬಂದೆವು ಅಂದರೆ ನೂರು ಪಟ್ಟು.

4. ಕಾಕಾ ಕೇಳಿದ ಪ್ರಶ್ನೆ

ನಮ್ಮ ಕಾಕಾ ಇಳಕಲ್ಲಿನಿಂದ ಕಲ್ಲಿನ ಲಾರಿ ಓಡಿಸುತ್ತಾರೆ. ಒಂದು ರಾತ್ರಿ ರೊಟ್ಟಿ ಉಣ್ಣಲಿಕ್ಕೆ ಕುಂತಾಗ ಇದನ್ನೆಲ್ಲ ಓದಿ ಹೇಳಿದೆ. ಪೂರಾ ಕೇಳಿ, “ಅಲ್ಲೋ ತಮ್ಮಾ, ಒಯ್ದ ಮ್ಯಾಲ ಆ ರಾಕೆಟ್ ಏನಾಗತೈತಿ?” ಅಂದರು.

“ಸಮುದ್ರಕ್ಕ ಬೀಳತೈತಿ ಕಾಕಾ.”

“ಪೂರಾ?”

“ಮರಳಿ ಅಂತೂ ಏನೂ ಬರಂಗಿಲ್ಲ. ಮತ್ತೊಂದು ಉಪಗ್ರಹಕ್ಕ ಮತ್ತೊಂದು ಹೊಸಾದು ಮಾಡ್ತಾರ.”

ಕಾಕಾ ತುತ್ತು ಕೈಯಾಗ ಹಿಡಿದೇ ನಕ್ಕರು. “ಹೊಸಪೇಟಿಗೆ ಒಂದ್ ಟ್ರಿಪ್ ಕಲ್ಲು ಒಗದು ಲಾರಿ ಹೊಳಿಗೆ ನೂಕಿ ಬಂದ್ರ ಮಾಲಕ ನನ್ನ ಬಿಟ್ಟಾನೇನು? ಹೋದ ಗಾಡಿ ಮರಳಿ ಬರಬೇಕಪ್ಪ. ಖಾಲಿ ಬಂದ್ರೂ ಅಡ್ಡಿಯಿಲ್ಲ, ಬರಬೇಕು.”

ಇದೇ ಪ್ರಶ್ನೆಯನ್ನು ದೊಡ್ಡ ದೊಡ್ಡ ವಿಜ್ಞಾನಿಗಳೂ ಕೇಳಿಕೊಂಡಿದ್ದಾರೆ. ಅಮೆರಿಕದವರು ಮನುಷ್ಯರನ್ನು ಚಂದ್ರನಿಗೆ ಕಳಿಸಿದ ಸ್ಯಾಟರ್ನ್-5 ರಾಕೆಟ್ಟಿನ ತೂಕ ಹಾರುವಾಗ ಸುಮಾರು 2,900 ಟನ್. ಭೂಮಿಗೆ ಮರಳಿ ಬಂದದ್ದು ಮೂವರು ಕುಳಿತ, ಐದಾರು ಟನ್ ತೂಕದ ಒಂದು ಕೋಣೆ ಮಾತ್ರ. ಉಳಿದದ್ದೆಲ್ಲ ಹೋಯಿತು.

5. ಮರಳಿ ಬರಲು ಏನು ಬೇಕು?

ಫಾಲ್ಕನ್-9 ರಾಕೆಟ್ಟಿನ ಕೆಳಗಿನ ಹಂತ ಮರಳಿ ಬರುತ್ತದೆ. 2015ರ ಡಿಸೆಂಬರಿನಲ್ಲಿ ಅದು ಮೊದಲ ಸಲ ನೆಟ್ಟಗೆ ಬಂದು ಇಳಿಯಿತು. 2017ರ ಮಾರ್ಚಿನಲ್ಲಿ ಒಮ್ಮೆ ಹೋಗಿ ಬಂದದ್ದನ್ನೇ ಎರಡನೇ ಸಲ ಹಾರಿಸಿದರು. ನಮ್ಮ ಜಿಸ್ಯಾಟ್-ಎನ್2 ಒಯ್ದ ಆ ಕೆಳಗಿನ ಹಂತ ಅದಕ್ಕೂ ಮೊದಲು 18 ಸಲ ಹೋಗಿ ಬಂದಿತ್ತು! ನಮ್ಮದು ಅದರ 19ನೇ ಟ್ರಿಪ್ಪು.

ಅದು ಬರುವ ರೀತಿ ಹೀಗಿದೆ. ಮೇಲಿನ ಹಂತವನ್ನು ಬಿಟ್ಟ ಮೇಲೆ ಕೆಳಗಿನ ಹಂತ ಗಾಳಿಯಲ್ಲಿ ತಿರುಗಿ, ಎಂಜಿನ್ನುಗಳನ್ನು ಮತ್ತೆ ಹೊತ್ತಿಸಿ, ಬೀಳುವ ವೇಗವನ್ನು ತಗ್ಗಿಸುತ್ತದೆ. ಕೊನೆಗೆ ನಾಲ್ಕು ಕಾಲು ಬಿಚ್ಚಿ ನೆಲದ ಮೇಲೋ, ಸಮುದ್ರದಲ್ಲಿ ನಿಲ್ಲಿಸಿದ ದೊಡ್ಡ ಹಡಗಿನ ಅಟ್ಟದ ಮೇಲೋ ನಿಲ್ಲುತ್ತದೆ. 2024ರ ಅಕ್ಟೋಬರ್ 13ರಂದು ಅದೇ ಕಂಪನಿಯ ಸ್ಟಾರ್‌ಶಿಪ್ ಎಂಬ ಇನ್ನೂ ದೊಡ್ಡ ರಾಕೆಟ್ಟಿನ ಕೆಳಗಿನ ಹಂತ ಮರಳಿ ಬಂದಾಗ, ಅದನ್ನು ಗೋಪುರಕ್ಕೆ ಕಟ್ಟಿದ ಇಕ್ಕಳದಂಥ ಎರಡು ಉಕ್ಕಿನ ತೋಳುಗಳಿಂದ ಗಾಳಿಯಲ್ಲೇ ಹಿಡಿದರು.

ಆದರೆ ಗೆಳೆಯರೇ, ಇದು ಪುಕ್ಕಟೆ ಅಲ್ಲ. ಮರಳಿ ಬರಲು ಇಂಧನ ಉಳಿಸಿಟ್ಟುಕೊಳ್ಳಬೇಕು. ಕಾಲುಗಳ ತೂಕವನ್ನೂ ಹೊರಬೇಕು. ಆ ತೂಕ ಎಲ್ಲಿಂದ ಬರಬೇಕು? ಹೊರೆಯಿಂದಲೇ ಕಡಿಮೆ ಆಗಬೇಕು. ಫಾಲ್ಕನ್-9 ಮರಳಿ ಬಾರದಂತೆ ಹೋದರೆ ಟಿ.ವಿ. ಉಪಗ್ರಹಗಳ ದಾರಿಗೆ 8.3 ಟನ್ ಒಯ್ಯುತ್ತದೆ. ಮರಳಿ ಬರಬೇಕಾದರೆ ಸುಮಾರು 5.5 ಟನ್. ಹೆಚ್ಚು ಕಡಿಮೆ ಮೂರರಲ್ಲಿ ಒಂದು ಪಾಲು ಹೊರೆ ಹೋಯಿತು!

ಕಾಕಾಗೆ ಇದನ್ನು ಹೇಳಿದೆ. “ಹೌದಲ್ಲ ಮತ್ತ, ಬರೂ ದಾರಿ ಡೀಸೆಲ್ ಹೋಗೂಮುಂದನ ಹಾಕ್ಕೊಂಡು ಹೋಗು ಅಂದ್ರ ಅಷ್ಟು ಕಲ್ಲು ಕಮ್ಮಿ ಹೇರಬೇಕಾಗತೈತಿ” ಅಂದರು.

6. ಹಾಗಾದರೆ ಲಾಭವೋ ನಷ್ಟವೋ? ಲೆಕ್ಕ ಮಾಡಿ ನೋಡೋಣ

ಕೆಳಗಿನ ಬೆಲೆಗಳು ನಿಜವಾದವಲ್ಲ, ಲೆಕ್ಕಕ್ಕಾಗಿ ತಗೊಂಡವು.

‘ಅ’ ಎಂಬ ಗಾಡಿ 9 ಚೀಲ ಒಯ್ಯುತ್ತದೆ, ಮರಳಿ ಬರುವುದಿಲ್ಲ. ಗಾಡಿಯ ಬೆಲೆ 30 ರೂಪಾಯಿ, ಇಂಧನ 1 ರೂಪಾಯಿ. ಒಟ್ಟು 31. ಒಂದು ಚೀಲಕ್ಕೆ 31 ÷ 9 = ಸುಮಾರು 3 ರೂಪಾಯಿ 44 ಪೈಸೆ.

‘ಬ’ ಎಂಬ ಗಾಡಿ 6 ಚೀಲ ಮಾತ್ರ ಒಯ್ಯುತ್ತದೆ, ಆದರೆ 10 ಸಲ ಹೋಗಿ ಬರುತ್ತದೆ. ಬೆಲೆ ಅದೇ 30 ರೂಪಾಯಿ, ಹತ್ತು ಟ್ರಿಪ್ಪಿಗೆ ಹಂಚಿದರೆ ಟ್ರಿಪ್ಪಿಗೆ 3 ರೂಪಾಯಿ. ಇಂಧನ 1 ರೂಪಾಯಿ. ಪ್ರತಿ ಸಲ ರಿಪೇರಿ 2 ರೂಪಾಯಿ. ಒಟ್ಟು 6. ಒಂದು ಚೀಲಕ್ಕೆ 6 ÷ 6 = 1 ರೂಪಾಯಿ.

ಕಡಿಮೆ ಹೊರುವ ಗಾಡಿಯೇ ಸೋವಿ ಆಯಿತು ನೋಡಿ! ಇಲ್ಲಿಗೆ ಮುಗಿಯಿತು ಅಂತ ನಾನು ತಿಳಿದಿದ್ದೆ. ಕಾಕಾ ಮಾತ್ರ “ರಿಪೇರಿ ಎರಡ ರೂಪಾಯಿ ಅಂತ ಯಾರ್ ಹೇಳಿದ್ರು ನಿನಗ? ಗ್ಯಾರೇಜಿನವ್ರನ್ನ ಕೇಳು” ಅಂದರು. ಸರಿ, ರಿಪೇರಿ 20 ರೂಪಾಯಿ ಅಂತ ಹಿಡಿದೆ. ಆಗ ‘ಬ’ ಗಾಡಿಯ ಖರ್ಚು 3 + 1 + 20 = 24. ಒಂದು ಚೀಲಕ್ಕೆ 4 ರೂಪಾಯಿ. ಸುಟ್ಟು ಹೋಗುವ ಗಾಡಿಗಿಂತ ತುಟ್ಟಿ ಆಯಿತು!

ಇದು ನಿಜವಾಗಿ ನಡೆದಿದೆ. ಅಮೆರಿಕದ ಸ್ಪೇಸ್ ಶಟಲ್ 1981ರಿಂದ 2011ರ ತನಕ 135 ಸಲ ಹೋಯಿತು. ರೆಕ್ಕೆ ಇದ್ದ ಅದರ ಖಾಲಿ ಮೈತೂಕವೇ ಸುಮಾರು 78 ಟನ್, ಒಯ್ಯುವ ಹೊರೆ ಹೆಚ್ಚೆಂದರೆ 27 ಟನ್ ಆಸುಪಾಸು. ಮರಳಿ ಬರುವಾಗ ಗಾಳಿಯ ತಿಕ್ಕಾಟಕ್ಕೆ ಮೈ ಕೆಂಡದಂತೆ ಕಾಯುತ್ತದೆ. ಅದನ್ನು ತಡೆಯಲು 20,000ಕ್ಕಿಂತ ಹೆಚ್ಚು ಬಿಲ್ಲೆಗಳನ್ನು ಅಂಟಿಸಿದ್ದರು. ಪ್ರತಿ ಸಲವೂ ಅವನ್ನೆಲ್ಲ ಪರೀಕ್ಷೆ ಮಾಡಬೇಕು, ಎಂಜಿನ್ ಬಿಚ್ಚಿ ನೋಡಬೇಕು. ಅದಕ್ಕೆ ತಿಂಗಳುಗಟ್ಟಲೆ ಹಿಡಿಯುತ್ತಿತ್ತು. ಹೀಗಾಗಿ ಅದು ಸೋವಿ ಆಗಲೇ ಇಲ್ಲ. 1986ರಲ್ಲಿ ಚಾಲೆಂಜರ್, 2003ರಲ್ಲಿ ಕೊಲಂಬಿಯಾ ಎಂಬ ಎರಡು ಶಟಲ್‌ಗಳು ನಾಶವಾಗಿ 14 ಜನ ತೀರಿಕೊಂಡರು. ಕೊಲಂಬಿಯಾದಲ್ಲಿ ಹರಿಯಾಣದ ಕರ್ನಾಲಿನಲ್ಲಿ ಹುಟ್ಟಿದ ಕಲ್ಪನಾ ಚಾವ್ಲಾ ಇದ್ದರು.

ಆದ್ದರಿಂದ ಗಾಡಿ ಮರಳಿ ಬಂದರೆ ಸಾಲದು. ಬೇಗ, ಸ್ವಲ್ಪ ರಿಪೇರಿಯಲ್ಲಿ, ಮತ್ತೆ ಹೊರಡುವಂತೆ ಇರಬೇಕು.

7. ನಮ್ಮ ಕರ್ನಾಟಕದಲ್ಲೇ ಇಳಿದ ಪುಷ್ಪಕ

ಇಳಕಲ್ ಪಕ್ಕದ ಹೆದ್ದಾರಿ ಹಿಡಿದು ಕುಷ್ಟಗಿ, ಹೊಸಪೇಟೆ ದಾಟಿ ಹೋದರೆ ಚಿತ್ರದುರ್ಗ ಬರುತ್ತದೆ. ಕಾಕಾನ ಲಾರಿ ಹೋಗುವ ದಾರಿಯೇ ಇದು. ಆ ಜಿಲ್ಲೆಯ ಚಳ್ಳಕೆರೆ ಹತ್ತಿರ ವಿಮಾನಗಳನ್ನು ಪರೀಕ್ಷೆ ಮಾಡುವ ಒಂದು ದೊಡ್ಡ ಮೈದಾನ ಮತ್ತು ರನ್‌ವೇ ಇದೆ. ಇಸ್ರೋದವರು ಮರಳಿ ಬರುವ ಗಾಡಿಯ ಪಾಠವನ್ನು ಅಲ್ಲೇ ಕಲಿತರು.

ಅವರು ಮಾಡಿದ ಚಿಕ್ಕ ಮಾದರಿಗೆ ರೆಕ್ಕೆ ಇವೆ. ಅದರ ಹೆಸರು ಪುಷ್ಪಕ. ರಾಮಾಯಣದ ಪುಷ್ಪಕ ವಿಮಾನ ನೆನಪಾಯಿತೇ? ಮೊದಲು 2016ರ ಮೇ 23ರಂದು ಶ್ರೀಹರಿಕೋಟಾದಿಂದ ಇಂಥ ಒಂದು ಮಾದರಿಯನ್ನು ರಾಕೆಟ್ಟಿನಿಂದ ಸುಮಾರು 65 ಕಿ.ಮೀ. ಎತ್ತರಕ್ಕೆ ಕಳಿಸಿ, ಬಂಗಾಳ ಕೊಲ್ಲಿಯಲ್ಲಿ ಇಳಿಸಿದ್ದರು. ಆಮೇಲೆ ನೆಲದ ಮೇಲೆ ಇಳಿಯುವ ಪರೀಕ್ಷೆ. 2023ರ ಏಪ್ರಿಲ್ 2, 2024ರ ಮಾರ್ಚ್ 22, 2024ರ ಜೂನ್ 23, ಹೀಗೆ ಮೂರು ಸಲ ಚಳ್ಳಕೆರೆ ಬಳಿ ಅದನ್ನು ಇಳಿಸಿದರು.

ವಾಯುಪಡೆಯ ಚಿನೂಕ್ ಹೆಲಿಕಾಪ್ಟರ್ ಪುಷ್ಪಕವನ್ನು ಸುಮಾರು ನಾಲ್ಕೂವರೆ ಕಿ.ಮೀ. ಎತ್ತರಕ್ಕೆ ಒಯ್ದು ಬಿಟ್ಟುಬಿಡುತ್ತಿತ್ತು. ಒಳಗೆ ಯಾರೂ ಇಲ್ಲ. ತಾನೇ ದಾರಿ ನೋಡಿಕೊಂಡು ರನ್‌ವೇಗೆ ಬರಬೇಕು. ಮೂರನೇ ಸಲ ಬೇಕಂತಲೇ ರನ್‌ವೇಯ ನಡುಗೆರೆಯಿಂದ 500 ಮೀಟರ್ ಬದಿಗೆ ಬಿಟ್ಟರು. ಅದು ದಾರಿ ಸರಿಪಡಿಸಿಕೊಂಡು, ಗಂಟೆಗೆ 320 ಕಿ.ಮೀ.ಗಿಂತ ಹೆಚ್ಚು ವೇಗದಲ್ಲಿ ಬಂದು ಇಳಿಯಿತು. ಬಾಲದಿಂದ ಪ್ಯಾರಾಶೂಟ್ ಬಿಚ್ಚಿ ವೇಗ ಗಂಟೆಗೆ 100 ಕಿ.ಮೀ. ಹತ್ತಿರ ಬಂದ ಮೇಲೆ ಬ್ರೇಕ್ ಹಾಕಿ ನಿಂತಿತು.

ಇದರಲ್ಲಿ ನನಗೆ ಬಹಳ ಸೇರಿದ ಮಾತು ಒಂದಿದೆ. ಎರಡನೇ ಸಲ ಇಳಿದ ಅದೇ ಮೈಯನ್ನು, ಅದರ ಒಳಗಿನ ಅವೇ ಉಪಕರಣಗಳನ್ನು ಮೂರನೇ ಸಲವೂ ಬಳಸಿದರು. ಹೊಸದು ಮಾಡಲಿಲ್ಲ. ಮರುಬಳಕೆ ಎಂದರೆ ಇದೇ ಅಲ್ಲವೇ? ಪುಷ್ಪಕ ಇನ್ನೂ ಕೂಸು. ಕಕ್ಷೆಯಿಂದ ಮರಳಿ ಬರುವುದು ಇದಕ್ಕಿಂತ ಬಹಳ ಕಷ್ಟ. ಆದರೆ ಕೂಸು ನಡೆಯಲಿಕ್ಕೆ ಕಲಿತದ್ದು ನಮ್ಮ ನಾಡಿನ ನೆಲದ ಮೇಲೆ.

8. ಮುಂದೆ ಬರುವ ರಾಕೆಟ್ಟು

2024ರ ಸೆಪ್ಟೆಂಬರ್ 18ರಂದು ಕೇಂದ್ರ ಸರ್ಕಾರ ಹೊಸ ಪೀಳಿಗೆಯ ರಾಕೆಟ್ಟು ಮಾಡಲು 8,240 ಕೋಟಿ ರೂಪಾಯಿಗೆ ಒಪ್ಪಿಗೆ ಕೊಟ್ಟಿತು. ಅದು ಭೂಮಿಗೆ ಹತ್ತಿರದ ಕಕ್ಷೆಗೆ 30 ಟನ್ ಒಯ್ಯಬೇಕು, ಮೊದಲ ಹಂತ ಮರಳಿ ಬರಬೇಕು ಎಂಬುದು ಗುರಿ. ಎಲ್‌ವಿಎಂ-3ಕ್ಕಿಂತ ಮೂರು ಪಟ್ಟು ಹೊರೆ, ಖರ್ಚು ಮಾತ್ರ ಒಂದೂವರೆ ಪಟ್ಟು ಅಂತ ಹೇಳಿದ್ದಾರೆ. ಈಗ 4 ಚೀಲಕ್ಕೆ 100 ರೂಪಾಯಿ ಆದರೆ ಚೀಲಕ್ಕೆ 25. ಆಗ 12 ಚೀಲಕ್ಕೆ 150 ರೂಪಾಯಿ, ಚೀಲಕ್ಕೆ 12 ರೂಪಾಯಿ 50 ಪೈಸೆ. ಸರಿಯಾಗಿ ಅರ್ಧ. ಇದನ್ನು ಪೂರ್ತಿ ಮಾಡಲು 96 ತಿಂಗಳು, ಅಂದರೆ ಎಂಟು ವರ್ಷ ಇಟ್ಟುಕೊಂಡಿದ್ದಾರೆ. ಅಷ್ಟೊತ್ತಿಗೆ ನಾವೆಲ್ಲ ಕಾಲೇಜು ಮುಗಿಸುವ ವಯಸ್ಸಿಗೆ ಬಂದಿರುತ್ತೇವೆ.

9. ನೀವೂ ಮಾಡಿ ನೋಡಿ

ಬೇಕಾಗುವವು: ಒಂದು ಉದ್ದನೆಯ ನೂಲು, ಒಂದು ಪುಗ್ಗಾ, ತಂಪು ಪಾನೀಯ ಕುಡಿಯುವ ಕೊಳವೆ, ಅಂಟುಪಟ್ಟಿ, ಕಾಗದದ ಚಿಕ್ಕ ದೊನ್ನೆ, ಹುಣಸೆ ಬೀಜ.

ಕೊಳವೆಯಲ್ಲಿ ನೂಲು ಪೋಣಿಸಿ ತರಗತಿಯ ಒಂದು ಕಿಟಕಿಯಿಂದ ಎದುರಿನ ಕಿಟಕಿಗೆ ಬಿಗಿಯಾಗಿ ಕಟ್ಟಿರಿ. ಪುಗ್ಗಾ ಊದಿ, ಬಾಯಿ ಬೆರಳಿನಿಂದ ಹಿಡಿದು, ಕೊಳವೆಗೆ ಅಂಟಿಸಿ ಬಿಡಿರಿ. ಎಷ್ಟು ದೂರ ಹೋಯಿತು ಅಂತ ಗೇಣಿನಿಂದ ಅಳೆಯಿರಿ. ಆಮೇಲೆ ದೊನ್ನೆ ಕಟ್ಟಿ 5 ಬೀಜ, 10 ಬೀಜ, 15 ಬೀಜ ಹಾಕಿ ನೋಡಿರಿ. ಪುಗ್ಗಾ ಪ್ರತಿ ಸಲ ಅಷ್ಟೇ ದೊಡ್ಡದಾಗಿ ಊದಬೇಕು. ಬೀಜ ಹೆಚ್ಚಾದಂತೆ ದೂರ ಏನಾಗುತ್ತದೆ ಅಂತ ನೋಟ್‌ಬುಕ್ಕಿನಲ್ಲಿ ಬರೆದುಕೊಳ್ಳಿ.

ಪ್ರಶ್ನೆಗಳು

1. ‘ಬ’ ಗಾಡಿ 10 ಸಲದ ಬದಲು 2 ಸಲ ಮಾತ್ರ ಹೋಗಿ ಬಂದರೆ, ರಿಪೇರಿ 2 ರೂಪಾಯಿಯೇ ಇದ್ದರೆ, ಒಂದು ಚೀಲಕ್ಕೆ ಎಷ್ಟು ಬೀಳುತ್ತದೆ?
2. ನಿಮ್ಮ ತೂಕದಷ್ಟು ಉಪಗ್ರಹವನ್ನು ಟಿ.ವಿ. ಉಪಗ್ರಹಗಳ ದಾರಿಗೆ ಒಯ್ಯಲು ಎಷ್ಟು ಕಿಲೋ ರಾಕೆಟ್ಟು ಬೇಕು?
3. ರೆಕ್ಕೆಯಿಂದ ಇಳಿಯುವುದು ಒಳ್ಳೆಯದೋ, ಎಂಜಿನ್ ಹೊತ್ತಿಸಿ ಕಾಲಿನ ಮೇಲೆ ಇಳಿಯುವುದು ಒಳ್ಳೆಯದೋ? ಕಾರಣ ಕೊಡಿ.

ಉತ್ತರಗಳನ್ನು ಚೀಟಿಯಲ್ಲಿ ಬರೆದು ಸರ್ ಮೇಜಿನ ಮೇಲಿನ ಡಬ್ಬಿಗೆ ಹಾಕಿರಿ. ಮುಂದಿನ ಸಂಚಿಕೆಯಲ್ಲಿ ಸರಿ ಉತ್ತರ ಬರೆದವರ ಹೆಸರು ಹಾಕುತ್ತೇವೆ.

ಕೊನೆಗೆ ಒಂದು ಮಾತು. ಹಿಂದಿನ ಲೇಖನದ ಕೆಳಗೆ ಪೆನ್ಸಿಲ್ಲಿನಿಂದ ಬರೆದವರು ಯಾರು ಅಂತ ಇನ್ನೂ ಗೊತ್ತಾಗಿಲ್ಲ. ದಯವಿಟ್ಟು ಬಂದು ಭೇಟಿ ಆಗಿ. ಸಿಟ್ಟು ಹೋಗಿದೆ. ನೀವು ಕೇಳದಿದ್ದರೆ ನಾನು ಇಷ್ಟೆಲ್ಲ ಓದುತ್ತಿರಲಿಲ್ಲ, ಕಾಕಾನ ಹತ್ತಿರ ಲಾರಿ ಲೆಕ್ಕ ಕೇಳುತ್ತಿರಲಿಲ್ಲ. ಈ ಲೇಖನದಲ್ಲೂ ತಪ್ಪು ಕಂಡರೆ ಕೆಳಗೆ ಜಾಗ ಬಿಟ್ಟಿದ್ದೇನೆ. ಪೆನ್ಸಿಲ್ ಸಾಕು.

ಇಂತಿ ನಿಮ್ಮ ಗೆಳೆಯ,
ಏಳನೇ ತರಗತಿ